ಆಂಬ್ರೋಸ್ ಜೋಲರನ ಕೂದಲು ಯಾರದು

ಗ್ರಾಟನ್ ಊರಿನ ರೈಲ್ವೆ ಕಾರ್ಖಾನೆಯಲ್ಲಿ ಬಾಯ್ಲರ್ ಬಡಿಯುವವರದು ಬೇರೆಯದೇ ಕುಲ. ಅವರು ಮಾತಾಡುವುದಿಲ್ಲ, ಕೂಗುತ್ತಾರೆ. ಹುಟ್ಟುತ್ತಲೇ ಹಾಗಲ್ಲ. ದಿನವಿಡೀ ಕಬ್ಬಿಣದ ಹೊಟ್ಟೆಯೊಳಗೆ ಕೂತು ಮೊಳೆ ಬಡಿದು ಬಡಿದು ಕಿವಿ ಮಂದವಾಗಿ, ತಮಗೆ ಕೇಳಿಸದ್ದು ಎದುರಿನವರಿಗೂ ಕೇಳಿಸುವುದಿಲ್ಲ ಎಂದು ನಂಬಿಬಿಟ್ಟಿರುತ್ತಾರೆ. ಆಂಬ್ರೋಸ್ ಜೋಲರ್ ಅಂಥವರಲ್ಲೊಬ್ಬ. ಅವನು ವಾಲ್ಬುರ್ಗಾಳ ಕಿವಿಯಲ್ಲಿ "ನನ್ನ ಮದ್ವೆ ಆಗ್ತೀಯಾ" ಎಂದು ಪಿಸುಗುಟ್ಟಿದ್ದು ಬೀದಿಯ ಆ ತುದಿಯ ಬೇಕರಿಗೆ ಕೇಳಿಸಿತು. ಬೇಕರಿಯ ಮುದುಕಿ ಕಿಟಕಿಯಿಂದ ತಲೆ ಹೊರಗೆ ಹಾಕಿ, "ಹೂಂ ಅನ್ನಮ್ಮ ತಾಯಿ, ಇಲ್ದಿದ್ರೆ ಇನ್ನೊಂದು ಸಲ ಕೇಳ್ತಾನೆ. ಮೊಮ್ಮಗು ಈಗ ತಾನೇ ಮಲಗಿದೆ" ಅಂದಳು.

ವಾಲ್ಬುರ್ಗಾ ಹೂಂ ಅಂದಳು. ಆದರೆ ಹುಡುಗಿ ಹೂಂ ಅಂದಮಾತ್ರಕ್ಕೆ ಮದುವೆ ಆಗಿಬಿಟ್ಟರೆ ಲೋಕದಲ್ಲಿ ಮಾವಂದಿರಿಗೇನು ಕೆಲಸ?

ಅದಕ್ಕೆ ಮುಂಚೆ ಆಂಬ್ರೋಸ್ ಎಂಥವನು ಎಂಬುದನ್ನು ಹೇಳಬೇಕು. ಅವನ ಅಪ್ಪ ಬವೇರಿಯಾದಿಂದ ಹಡಗಿನಲ್ಲಿ ಬಂದು ಒಹಾಯೋದಲ್ಲಿ ನೆಲೆಯೂರಿದ್ದು ಒಂದು ಗರಗಸ ಮತ್ತು ಒಬ್ಬಳು ಹೆಂಡತಿಯ ಸಮೇತ. ಆಂಬ್ರೋಸ್ ಅವರ ಕಡೇ ಮಗ. ತೊಟ್ಟಿಲು ಅಣ್ಣಂದಿರಿಗೆಲ್ಲ ಸಾಕಾಗಿತ್ತು, ಇವನಿಗೆ ಸಾಲದೆ ಹಿಟ್ಟು ನಾದುವ ಮರದ ದೋಣಿಯಲ್ಲಿ ಮಲಗಿಸಿದರು. ಬೆಳೆದ ಮೇಲೂ ಅವನಿಗೆ ಯಾವ ಬಾಗಿಲೂ ಸರಿಹೊಂದಲಿಲ್ಲ. ಬಾಯ್ಲರಿನ ಬಾಯೊಂದೇ ಹೊಂದಿದ್ದು, ಅದೂ ಪಕ್ಕಕ್ಕೆ ತಿರುಗಿ ನುಸುಳಿದರೆ. ಕೋಪ ಅವನ ಹತ್ತಿರ ಸುಳಿದದ್ದನ್ನು ಕಂಡವರಿಲ್ಲ. ಸುಳ್ಳೂ ಅಷ್ಟೇ. ಸುಳ್ಳಿಗೆ ಬೇಕಾದ ಚುರುಕು ಅವನಲ್ಲಿರಲಿಲ್ಲ.

ಬಾಯ್ಲರ್ ಶೆಡ್ಡಿನ ಮೇಸ್ತ್ರಿ ಇಗ್ನಾಜ್ ರುಂಪೆಲ್ ಊರಿನ ಫುಟ್ಬಾಲ್ ತಂಡದ ನಾಯಕನೂ ಹೌದು. ಒಂದು ದಿನ ಮಧ್ಯಾಹ್ನ ಕಬ್ಬಿಣ ತುಂಬಿದ ತಳ್ಳುಗಾಡಿಯೊಂದು ಕೈತಪ್ಪಿ ಇಳಿಜಾರಿನಲ್ಲಿ ಉರುಳಿಬಂತು. ಎಲ್ಲರೂ ದಿಕ್ಕಾಪಾಲಾಗಿ ಓಡಿದರು. ಆಂಬ್ರೋಸನ ಊಟದ ಡಬ್ಬಿ ಅದರ ದಾರಿಯಲ್ಲಿತ್ತು. ಅವನು ಎದ್ದು ಹೋಗಿ ಗಾಡಿಗೆ ಭುಜ ಕೊಟ್ಟು ನಿಲ್ಲಿಸಿ, ಡಬ್ಬಿ ಎತ್ತಿಕೊಂಡು, ಗಾಡಿಯನ್ನು ಪುನಃ ಹೋಗಲು ಬಿಟ್ಟ. ರುಂಪೆಲ್ ಇದನ್ನು ನೋಡಿದ.

"ಭಾನುವಾರ ಏನ್ಮಾಡ್ತೀಯೋ?"

"ಚರ್ಚಿಗೆ, ಪೂಜೆಗೆ ಹೋಗ್ತೀನಿ."

"ಆಮೇಲೆ?"

"ಉಣ್ತೀನಿ. ಮಲಗ್ತೀನಿ."

"ಇನ್ಮೇಲೆ ನೀನು ಮಲಗ್ಬೇಡ. ಬೇರೆಯವರನ್ನ ಮಲಗಿಸು."

ಹೀಗೆ ಆಂಬ್ರೋಸ್ ಆಟಗಾರನಾದ. ಆ ಆಟಕ್ಕೆ ಹೆಸರು ಫುಟ್ಬಾಲ್ ಆದರೂ ಕಾಲಿಗಿಂತ ತಲೆ, ಭುಜ, ಪಕ್ಕೆಲುಬುಗಳೇ ಹೆಚ್ಚು ಆಡುತ್ತಿದ್ದವು. ಮೊಟ್ಟೆಯಾಕಾರದ ಚೆಂಡನ್ನು ಬಗಲಿಗಿಟ್ಟುಕೊಂಡು ಒಬ್ಬ ಓಡುತ್ತಾನೆ, ಹನ್ನೊಂದು ಜನ ಅವನನ್ನು ಹಿಡಿದು ಕೆಡವುತ್ತಾರೆ, ಉಳಿದ ಹತ್ತು ಜನ ಆ ಹನ್ನೊಂದನ್ನು ಕೆಡವುತ್ತಾರೆ. ಚೆಂಡು ಎದುರಾಳಿಯ ಗೆರೆ ದಾಟಿದರೆ ಗೆಲುವು. ಆಂಬ್ರೋಸನ ಕೆಲಸ ಸಾಲಿನ ನಡುವೆ ನಿಂತು ಎದುರಿಗೆ ಬಂದದ್ದನ್ನು ಬಂದಹಾಗೆ ಒರಗಿಸುವುದು. ಚೆಂಡನ್ನು ಮುಟ್ಟುವ ಪಾಪ ಅವನಿಗೆ ಬರುತ್ತಿರಲಿಲ್ಲ. ಆಟ ಮುಗಿದ ಮೇಲೆ ರುಂಪೆಲ್ ಜನರಿಂದ ಟೋಪಿಯಲ್ಲಿ ಬಂದದ್ದನ್ನು ಹಂಚುತ್ತಿದ್ದ. ಕಾಲೇಜಿನ ಹುಡುಗರು ಆಟಕ್ಕೆ ಕಾಸು ಮುಟ್ಟುವುದು ಹೀನಾಯ ಅನ್ನುತ್ತಿದ್ದರು. "ಪುಕ್ಕಟೆ ಒದೆ ತಿನ್ನೋಕೆ ನಮಗೇನು ಅಪ್ಪನ ಆಸ್ತಿ ಇದೆಯಾ" ಅನ್ನುತ್ತಿದ್ದ ರುಂಪೆಲ್.

ತಲೆ ಕಾಯಲು ಆಗ ತೊಗಲಿನ ಟೋಪಿಗಳು ಬಂದಿದ್ದವು, ಇಲ್ಲವೆಂದಲ್ಲ. ಆದರೆ ಅದನ್ನು ಹಾಕಿಕೊಂಡು ಗ್ರಾಟನ್ನಿನ ಮೈದಾನಕ್ಕಿಳಿದವನು ಲಂಗ ಉಟ್ಟು ಬಂದಂತೆಯೇ ಲೆಕ್ಕ. ಕಾರ್ಖಾನೆಯವರ ಪದ್ಧತಿಯೇ ಬೇರೆ. ಜೋಳದ ತೆನೆಗೆ ಕೂದಲು ಬಂದಾಗ ಇವರೂ ತಲೆಗೂದಲು ಬಿಡಲು ಶುರು ಮಾಡುತ್ತಿದ್ದರು. ನವೆಂಬರ್ ಹೊತ್ತಿಗೆ ಒಬ್ಬೊಬ್ಬನ ತಲೆಯೂ ಹದ್ದು ಮೊಟ್ಟೆಯಿಡಲು ಆಸೆಪಡುವಂತಿರುತ್ತಿತ್ತು. ಆಂಬ್ರೋಸನದು ಎಲ್ಲರಿಗಿಂತ ದಟ್ಟ, ಹದವಾಗಿ ಬೆಂದ ಇಟ್ಟಿಗೆಯ ಬಣ್ಣ. ಅವನು ತಲೆ ತಗ್ಗಿಸಿ ನುಗ್ಗಿದರೆ ಎದುರಿನವನು ಹುಲ್ಲಿನ ಬಣವೆಗೆ ಡಿಕ್ಕಿ ಹೊಡೆದೆ ಅಂದುಕೊಳ್ಳುತ್ತಿದ್ದ. ಬಣವೆಯೊಳಗೆ ಬಂಡೆಯಿದೆ ಎಂದು ಆಮೇಲೆ ತಿಳಿಯುತ್ತಿತ್ತು.

ಈಗ ಮಾವನ ವಿಷಯ. ವಾಲ್ಬುರ್ಗಾಳ ಅಪ್ಪ ಸೆವೆರಿನ್ ಹೌಕ್ ಊರಿನ ಕ್ಷೌರಿಕ. ಗಂಟು ಬಿದ್ದದ್ದು ಇಲ್ಲಿ.

ಬೇಸಿಗೆ ಕಳೆಯಿತೆಂದರೆ ಹೌಕನ ಕುರ್ಚಿಗಳು ಖಾಲಿ. ಆಟಗಾರರು ಬರುವುದಿಲ್ಲ, ಅವರನ್ನು ನೋಡಿ ಅವರ ತಮ್ಮಂದಿರೂ ಬರುವುದಿಲ್ಲ, ಮೈದಾನ ಮೆಟ್ಟದ ಗುಮಾಸ್ತರು ಕೂಡ ಶೋಕಿಗೆ ಕೂದಲು ಬಿಡುತ್ತಾರೆ. ಬರುವ ನಾಲ್ಕು ತಲೆಗಳನ್ನು ಸ್ಟೇಷನ್ನಿನ ಹತ್ತಿರದ ಹೊಸ ಕ್ಷೌರಿಕ ಕಸಿಯುತ್ತಾನೆ. ಹೌಕ್ ಬಾಗಿಲಲ್ಲಿ ನಿಂತು ಹೋಗಿಬರುವ ಜಡೆಗಳನ್ನು ನೋಡಿ ಹಲ್ಲು ಕಡಿಯುತ್ತಿದ್ದ. "ದೇವರು ಕುರಿಗೆ ಉಣ್ಣೆ ಕೊಟ್ಟ, ಮನುಷ್ಯನಿಗೆ ಕ್ಷೌರಿಕನ್ನ ಕೊಟ್ಟ. ಈ ಊರಲ್ಲಿ ಯಾರು ಯಾವುದು ಅನ್ನೋದೇ ಗೊತ್ತಾಗಲ್ಲ" ಅನ್ನುವುದು ಅವನ ಮಾತು.

ಆಂಬ್ರೋಸ್ ಹೆಣ್ಣು ಕೇಳಲು ಹೋದಾಗ ಹೌಕ್ ಕತ್ತಿ ಮಸೆಯುತ್ತಿದ್ದವನು ತಲೆ ಎತ್ತಲಿಲ್ಲ.

"ಕೇಳಿಸ್ತು. ಹೋದ ವಾರ ಬೀದೀಲಿ ನೀನು ಪಿಸುಗುಟ್ಟಿದಾಗ್ಲೇ ಕೇಳಿಸ್ತು. ನನ್ನ ಮಗಳನ್ನ ಕೊಡೋದು ತಲೆಗೆ, ಪೊದೆಗಲ್ಲ. ಮದ್ವೆ ಆಗ್ಬೇಕು ಅಂದ್ರೆ ಫಾದರು ಮೊದಲನೇ ಸಲ ನಿಮ್ಮ ಹೆಸರು ಕೂಗೋಕೆ ಮುಂಚೆ ಈ ಕುರ್ಚೀಲಿ ಕೂತ್ಕೋ. ನನ್ನ ಕೈಯಾರ ತೆಗೀಬೇಕು."

"ಈ ವರ್ಷದ ಆಟ ಮುಗಿದ್ಮೇಲೆ ಕೂತ್ಕೋತೀನಿ ಮಾವ."

"ಆಟ ಮುಗಿಯೋ ಹೊತ್ತಿಗೆ ಕ್ರಿಸ್‌ಮಸ್‌ಗೆ ಮುಂಚಿನ ಆಗಮನ ಕಾಲ ಶುರುವಾಗುತ್ತೆ. ಆಮೇಲೆ ಕ್ರಿಸ್‌ಮಸ್ ಕಳೆಯೋವರ್ಗೂ ಫಾದರು ಯಾರಿಗೂ ಮದ್ವೆ ಮಾಡಿಸಲ್ಲ. ಅಷ್ಟರಲ್ಲಿ ಟೊಲಿಡೋದಿಂದ ನನ್ನ ತಂಗಿ ಮಗ ಬರ್ತಾನೆ. ಅವನೂ ಕ್ಷೌರಿಕ. ಬೈತಲೆ ತೆಗೆದ್ರೆ ರೈಲು ಹಳಿ ಇಟ್ಟ ಹಾಗಿರುತ್ತೆ. ಅವನೇನೂ ಪೊದೆ ತಲೆಯವನಲ್ಲ. ಮತ್ತೆ ನಾನಿನ್ನೂ ನಿನಗೆ ಮಾವ ಆಗಿಲ್ಲ."

ಲೆಕ್ಕ ಸರಳವಾಗಿತ್ತು. ಮದುವೆಗೆ ಮುಂಚೆ ಮೂರು ಭಾನುವಾರ ಚರ್ಚಿನಲ್ಲಿ ಗಂಡು ಹೆಣ್ಣಿನ ಹೆಸರು ಕೂಗಬೇಕು, ಮೂರನೆಯ ಭಾನುವಾರದ ನಂತರದ ಮಂಗಳವಾರ ಮದುವೆ, ಅಲ್ಲಿಗೆ ಬಾಗಿಲು ಮುಚ್ಚಿತು. ಆ ಮೂರನೆಯ ಭಾನುವಾರದ ಮಧ್ಯಾಹ್ನವೇ ಮಾರ್ಲಿ ಊರಿನವರ ಜೊತೆ ವರ್ಷದ ದೊಡ್ಡ ಪಂದ್ಯ. ಕೂದಲಿಟ್ಟರೆ ಹುಡುಗಿ ಇಲ್ಲ, ತೆಗೆದರೆ ಪಂದ್ಯವಿಲ್ಲ.

ರುಂಪೆಲ್ ಕೇಳಿ ಸುತ್ತಿಗೆ ಕೆಳಗಿಟ್ಟ. "ಬೋಳು ತಲೇನ ನನ್ನ ಸಾಲಲ್ಲಿ ನಿಲ್ಲಿಸಲ್ಲ ಕಣೋ. ಅದು ಒಡೆದ್ರೆ ನಿಮ್ಮಮ್ಮ ಬಂದು ನಂದನ್ನ ಒಡೀತಾಳೆ." ಫಾದರ್ ಕಿಲಿಯನರ ಹತ್ತಿರ ಹೋದರೆ ಅವರು ಗಡ್ಡ ನೀವಿಕೊಂಡು, "ಕೂದಲು ಹೋಗಿ ಬಲ ಕಳ್ಕೊಂಡ ಸಂಸೋನನ ಕಥೆ ಗೊತ್ತಲ್ಲ ಮಗೂ. ಅವನಿಗೆ ಹೆಂಗಸೊಬ್ಬಳೇ ವೈರಿ. ನಿನಗೆ ಅವಳಪ್ಪನೂ ಸೇರ್ಕೊಂಡಿದ್ದಾನೆ" ಅಂದರು. ಅವರೂ ಮಾರ್ಲಿ ಪಂದ್ಯಕ್ಕೆ ತಪ್ಪದೆ ಬರುವವರು. ತಲೆ ಬೋಳಿಸು ಅನ್ನುವುದಾದರೂ ಹೇಗೆ?

ಆಂಬ್ರೋಸ್ ಒಂದು ವಾರ ಯೋಚಿಸಿದ. ಯೋಚನೆ ಅವನಿಗೆ ಒಗ್ಗದ ಕೆಲಸ, ತೂಕ ಇಳಿಯಿತು. ಶನಿವಾರ ಹೋಗಿ ಕುರ್ಚಿಯಲ್ಲಿ ಕೂತ.

ಹೌಕ್ ಸೊಂಟಕ್ಕೆ ಹೊಸ ಬಟ್ಟೆ ಕಟ್ಟಿಕೊಂಡ. ಅಂಗಡಿಯ ಪರದೆ ಸರಿಸಿದ, ಬಾಗಿಲು ಅಗಲಕ್ಕೆ ತೆರೆದ. ಊರು ಬಂದು ಕಿಟಕಿಗೆ ಮೂಗೊತ್ತಿತು. ಕತ್ತರಿ ಹಿಡಿದು ಕುರ್ಚಿಯ ಸುತ್ತ ದೇವರಿಗೆ ಸುತ್ತು ಬಂದಂತೆ ಬಂದ ಹೌಕ್, ಮೊದಲ ಗೊಂಚಲು ಬಿದ್ದಾಗ ಕಣ್ಣು ಮುಚ್ಚಿ ನಿಟ್ಟುಸಿರುಬಿಟ್ಟ. ಮುಗಿದಾಗ ನೆಲದ ಮೇಲೆ ಮೊಣಕಾಲಿನ ತನಕ ರಾಶಿ.

"ಅಯ್ಯೋ, ತಲೆ ಇಷ್ಟು ಚಿಕ್ಕದಾ" ಅಂದ ಕಿಟಕಿಯ ಆಚೆ ಒಬ್ಬ.

"ಒಳಗಿನ ಸಾಮಾನಿಗೆ ಅಷ್ಟು ಜಾಗ ಧಾರಾಳ" ಅಂದ ಹೌಕ್.

ಕತ್ತರಿಸಿದ ಕೂದಲನ್ನು ಶನಿವಾರ ಸಂಜೆ ಒಲೆಗೆ ಹಾಕುವುದು ಆ ಅಂಗಡಿಯ ನೇಮ. ಹಳೇ ದೇಶದಿಂದ ಬಂದ ನಂಬಿಕೆ. ಬೀದಿಗೆ ಬಿಸಾಡಿದರೆ ಹಕ್ಕಿ ಹೆಕ್ಕಿಕೊಂಡು ಹೋಗಿ ಗೂಡು ಕಟ್ಟುತ್ತದೆ, ಕೂದಲಿನ ಒಡೆಯನಿಗೆ ಸಾಯುವ ತನಕ ತಲೆನೋವು ಬಿಡುವುದಿಲ್ಲ. ಗುಡಿಸಿ ಸುಡುವುದು ವಾಲ್ಬುರ್ಗಾಳ ಕೆಲಸ. ಅವಳು ಆ ದಿನ ರಾಶಿಯನ್ನು ದಿಂಬಿನ ಚೀಲಕ್ಕೆ ತುಂಬಿ ಅಟ್ಟಕ್ಕೆ ಸಾಗಿಸಿ, ಹಳೆಯ ಕುರ್ಚಿಯ ಮೆತ್ತೆ ಹರಿದು ಅದರೊಳಗೆ ತುಂಬಿದ್ದ ಕುದುರೆಗೂದಲನ್ನು ಒಲೆಗೆ ಹಾಕಿದಳು. ಹೌಕ್ ಮೂಗು ಮುಚ್ಚಿಕೊಂಡ.

"ಏನೇ ಇದು, ನಿನ್ನ ಗಂಡಿನ ಕೂದಲು ಕುದುರೆ ಬಾಲದ ಹಾಗೆ ನಾರ್ತಾ ಇದೆ."

"ನಾನೇನ್ಮಾಡ್ಲಿ ಅಪ್ಪ, ಅವನು ಹಾಗೇ" ಅಂದಳು ಮಗಳು.

ಮರುದಿನ ಮೊದಲ ಕೂಗು ಆಯಿತು. ಆ ಭಾನುವಾರದ ಪಂದ್ಯದಲ್ಲಿ ಆಂಬ್ರೋಸನ ಜಾಗದಲ್ಲಿ ನಿಂತವನನ್ನು ಹಲಗೆಯ ಮೇಲೆ ಹೊತ್ತು ತಂದರು. ಅದರ ಮುಂದಿನ ಭಾನುವಾರ ಎರಡನೆಯ ಕೂಗು, ಎರಡನೆಯ ಹಲಗೆ. ರುಂಪೆಲ್ ಬಾಯ್ಲರಿಗೆ ಒರಗಿ ಕೂತು ಊಟ ಬಿಟ್ಟ. ಅಷ್ಟರಲ್ಲಿ ವಾಲ್ಬುರ್ಗಾ ಆಂಬ್ರೋಸನನ್ನು ಹಿತ್ತಲಿಗೆ ಕರೆದಳು. ಅವನ ಕೈಲೇ ಕಾರ್ಖಾನೆಯ ಹಳೇ ಯಂತ್ರದ ಪಟ್ಟಿಯ ತೊಗಲು ತರಿಸಿಕೊಂಡಿದ್ದವಳು, ಅದನ್ನು ಟೋಪಿಯಾಗಿ ಹೊಲಿದು, ಮೇಲೆ ಅವನದೇ ಕೂದಲನ್ನು ಗೊಂಚಲು ಗೊಂಚಲಾಗಿ ನೆಟ್ಟಿದ್ದಳು. ಹಾಕಿ ನೋಡಿದರೆ ಕತ್ತರಿಯನ್ನೇ ಕಾಣದ ಹಳೆಯ ಆಂಬ್ರೋಸ್.

"ತೊಗಲು ಟೋಪಿ ಅಂತ ನಗ್ತಾರೆ" ಅಂದ.

"ತೊಗಲು ಎಲ್ಲಿ ಕಾಣ್ತಿದೆ? ಮೆಲ್ಲಗೆ ಮಾತಾಡು, ಅಪ್ಪ ಒಳಗಿದ್ದಾರೆ."

"ಮೆಲ್ಲಗೇ ಮಾತಾಡ್ತಿದೀನಿ."

ಮೂರನೆಯ ಕೂಗಿನ ದಿನ ಮಧ್ಯಾಹ್ನ ಕಾರ್ಖಾನೆಯ ಹಿಂದಿನ ಮೈದಾನದಲ್ಲಿ ಕಾಲಿಡಲು ಜಾಗವಿರಲಿಲ್ಲ. ಮಾರ್ಲಿಯವರು ಪಿಂಗಾಣಿ ಮಡಕೆ ಮಾಡುವವರು, ಎರಡು ರೈಲು ತುಂಬ ಬಂದಿದ್ದರು. ಆಂಬ್ರೋಸ್ ಕೂದಲಿನ ಸಮೇತ ಮೈದಾನಕ್ಕಿಳಿದಾಗ ಗ್ರಾಟನ್ನಿನ ಜನಕ್ಕೆ ಅದು ಎಲ್ಲಿಂದ ಬಂತೆಂದು ಗೊತ್ತಿರಲಿಲ್ಲ, ಆದರೆ ಕೇಳಬಾರದೆಂದು ಗೊತ್ತಿತ್ತು. ಹುಬ್ಬು ಹಾರಿಸದೆ ನಿಂತರು. ಪಂದ್ಯ ಮುಗಿಯುತ್ತ ಬಂದಾಗ ಒಬ್ಬ ಮಾತ್ರ ತಡೆಯಲಾರದೆ ಓಡಿಹೋಗಿ ಹೌಕನ ಅಂಗಡಿಯ ಬಾಗಿಲು ಬಡಿದ.

"ಹೌಕ್, ನಿನ್ನ ಕೈಗುಣ ದೊಡ್ಡದು. ನೀನು ತೆಗೆದ ತಲೇಲಿ ಹದಿನೈದು ದಿನಕ್ಕೆ ಹೆಗಲುಮಟ್ಟ ಬೆಳೆದಿದೆ."

ಹುಟ್ಟಿದಂದಿನಿಂದ ಪಂದ್ಯ ನೋಡದ ಹೌಕ್ ಕತ್ತರಿಯನ್ನು ಜೇಬಿಗೆ ತುರುಕಿಕೊಂಡು ಮೈದಾನದ ಕಡೆ ಓಡಿದ.

ಅವನು ಹಗ್ಗದ ಹತ್ತಿರ ತಲುಪುವಾಗ ಕತ್ತಲಾಗುತ್ತಿತ್ತು, ಎರಡು ಕಡೆಯವರೂ ಒಮ್ಮೆಯೂ ಗೆರೆ ದಾಟಿರಲಿಲ್ಲ, ಕೆಸರಿನಲ್ಲಿ ಯಾರು ಯಾರೆಂದು ಅವರವರ ತಾಯಂದಿರಿಗೂ ತಿಳಿಯುವಂತಿರಲಿಲ್ಲ. ಮಾರ್ಲಿಯವನೊಬ್ಬ ಚೆಂಡನ್ನು ಒದ್ದ. ಅದು ರುಂಪೆಲನ ಹೊಟ್ಟೆಗೆ ಬಡಿದು, ಚಿಮ್ಮಿ, ಆಂಬ್ರೋಸನ ಕೈಗೆ ಬಂದು ಕೂತಿತು. ಇಷ್ಟು ವರ್ಷದಲ್ಲಿ ಪಂದ್ಯದಲ್ಲಿ ಚೆಂಡು ಕಂಡದ್ದು ಅದೇ ಮೊದಲು. ಅವನು ಅದನ್ನು ತಿರುಗಿಸಿ ನೋಡಿದ. ಊರೆಲ್ಲ "ಓಡೋ" ಎಂದು ಅರಚಿತು, ಅವನಿಗೆ ಕೇಳಿಸಲಿಲ್ಲ. ಮಾರ್ಲಿಯ ಗೆರೆಯ ಆಚೆ ವಾಲ್ಬುರ್ಗಾ ಶಾಲು ಬೀಸುತ್ತಿರುವುದು ಕಂಡಿತು. ಅವಳು ಕರೆದಳಲ್ಲ ಎಂದು ಹೊರಟ.

ಇಬ್ಬರು ಅವನ ಕಾಲಿಗೆ ಬಿದ್ದರು, ಅವನು ಅವರನ್ನೂ ಎಳೆದುಕೊಂಡೇ ನಡೆದ. ಕೊನೆಗೆ ಮಾರ್ಲಿಯ ಫಿನ್ಬಾರ್ ಎಂಬ ಐರಿಷ್ ದಾಂಡಿಗ ಹಿಂದಿನಿಂದ ಹಾರಿ ಎರಡೂ ಕೈಯಲ್ಲಿ ಅವನ ಜುಟ್ಟು ಹಿಡಿದು ಜಗ್ಗಿದ. ಜುಟ್ಟು ಕೈಗೆ ಬಂತು.

ಫಿನ್ಬಾರ್ ಕೆಸರಲ್ಲಿ ಕೂತು ಕೈ ನೋಡಿಕೊಂಡ. ಕೈತುಂಬ ಕೆಂಪು ಕೂದಲು, ಅದರ ಬುಡದಲ್ಲಿ ಒದ್ದೆಯಾದ ತೊಗಲು. ಮುಂದೆ ನುಣ್ಣನೆಯ ತಲೆಯೊಂದು ಏನೂ ಆಗದಂತೆ ಓಡುತ್ತಿದೆ. ಅವನು ಶಿಲುಬೆ ಗುರುತು ಹಾಕಿಕೊಂಡು, "ಮಾತೆ ಮರಿಯಾ, ಮನುಷ್ಯನ್ನ ಸುಲಿದುಬಿಟ್ಟೆ" ಎಂದು ಅಳತೊಡಗಿದ. ಮಾರ್ಲಿಯ ಉಳಿದವರು ಆಟ ಬಿಟ್ಟು ಅವನ ಸುತ್ತ ಸೇರಿ ಸತ್ತವನ ಮುಂದೆ ನಿಂತಂತೆ ತಲೆ ತಗ್ಗಿಸಿದರು. ಆಂಬ್ರೋಸ್ ಗೆರೆ ದಾಟಿ, ವಾಲ್ಬುರ್ಗಾಳ ಮುಂದೆ ಚೆಂಡಿನ ಮೇಲೆ ಕೂತ.

ಜಗಳ ಶುರುವಾಯಿತು. ರೆಫರಿ ದೂರದ ಊರಿನ ಹಲ್ಲಿನ ಡಾಕ್ಟರು, ಸಂಜೆಯ ರೈಲಿಗೆ ಹೋಗಬೇಕಾದವರು. ಮಾರ್ಲಿಯ ನಾಯಕ ಅವರ ಮೂಗಿನ ಮುಂದೆ ಕೂದಲು ಹಿಡಿದ.

"ಆಟಗಾರನ್ನ ಹಿಡಿದು ನಿಲ್ಲಿಸಿದ್ರೆ ಆಟ ಅಲ್ಲಿಗೆ ನಿಂತಿತು ತಾನೆ? ಕೂದಲು ಅವನದು. ಕೂದಲು ನಮ್ಮ ಕೈಲಿದೆ. ಅಂದ್ಮೇಲೆ ಅವನೂ ನಮ್ಮ ಕೈಲಿ ಸಿಕ್ಕ ಹಾಗೇ."

"ಅದು ಟೋಪಿ ಸ್ವಾಮಿ" ಅಂದ ರುಂಪೆಲ್. "ಟೋಪಿ ಹಿಡಿದ್ರೆ ಮನುಷ್ಯ ಸಿಕ್ಕ ಹಾಗಾ?"

ರೆಫರಿ ಆಂಬ್ರೋಸನನ್ನು ಕರೆದರು. "ಏನಪ್ಪಾ, ಇದು ನಿನ್ನ ಕೂದಲೇನು?"

ರುಂಪೆಲ್ ಅವನ ಕಾಲಿಗೆ ಒದ್ದ. ಆದರೆ ಸುಳ್ಳು ಎಲ್ಲಿಂದ ಬರಬೇಕು?

"ನಂದೇ. ನಮ್ಮಮ್ಮನ ಕಡೆ ಬಣ್ಣ."

ಗ್ರಾಟನ್ ಊರು ನೊಗ ಮುರಿದಂತೆ ನರಳಿತು. ರೆಫರಿ ಕೈ ಎತ್ತಿ ತೀರ್ಪು ಕೊಡಬೇಕು, ಅಷ್ಟರಲ್ಲಿ ಹಗ್ಗದಡಿಯಿಂದ ಹೌಕ್ ನುಸುಳಿಬಂದ. ಪಂದ್ಯದ ತಲೆಬುಡ ಅವನಿಗೆ ಗೊತ್ತಿರಲಿಲ್ಲ. ಯಾರು ಗೆದ್ದರೆ ಏನಾಗುತ್ತದೆಂದೂ ಗೊತ್ತಿರಲಿಲ್ಲ. ಅವನಿಗೆ ಕಂಡದ್ದು ಒಂದೇ, ತಾನು ಕತ್ತರಿಸಿದ ಕೂದಲು.

"ಅವನದಲ್ಲ ಸ್ವಾಮಿ, ಅದು ನಂದು. ಈ ಕೈಲಿ ಕತ್ತರಿಸಿದೀನಿ, ಇಡೀ ಊರು ನೋಡಿದೆ. ತಲೆ ಬಿಟ್ಟು ನನ್ನ ಅಂಗಡಿ ನೆಲಕ್ಕೆ ಬಿದ್ದದ್ದು ಅಂಗಡಿ ಮಾಲು. ಇದು ಲೋಕದಲ್ಲಿರೋ ಕ್ಷೌರಿಕರೆಲ್ಲರ ಕಾನೂನು. ಯಾರೋ ಕದ್ದಿದ್ದಾರೆ. ಪೊಲೀಸಿನವನು ಎಲ್ಲಿ?"

ರೆಫರಿ ತಾವೂ ಹಲ್ಲು ಕಿತ್ತು ಬದುಕುವವರು. ಅಂಗಡಿಯಲ್ಲಿ ಉದುರಿದ್ದು ಯಾರದೆಂಬ ಪ್ರಶ್ನೆ ಅವರಿಗೆ ಹೊಸದಲ್ಲ. ತಲೆಯಾಡಿಸಿದರು. "ಸರಿ. ಕಿತ್ತ ಹಲ್ಲು ಬಾಯಿಯದಲ್ಲ. ಗೆರೆ ದಾಟಿದ್ದು ದಾಟಿದ ಹಾಗೆ."

ಮುಂದೆ ಆದದ್ದು ಹೌಕನಿಗೆ ಅರ್ಥವಾಗುವುದಕ್ಕೆ ಮುಂಚೆ ಅವನು ಬಾಯ್ಲರ್ ಶೆಡ್ಡಿನವರ ಹೆಗಲ ಮೇಲಿದ್ದ. "ಕಳ್ಳತನ ಆಗಿದೆ, ಇಳಿಸ್ರೋ" ಎಂದು ಅವನು ಕೂಗಿದಂತೆಲ್ಲ ಜನ ಜೈಕಾರ ಹಾಕಿತು. ದಾರಿಯುದ್ದಕ್ಕೂ ಜಡೆಯವರು ಓಡಿಬಂದು, "ನಾಳೆ ನಿನ್ನ ಹತ್ರಾನೇ ತಲೆ ಕೊಡೋದು ಹೌಕಣ್ಣ, ಆ ಸ್ಟೇಷನ್ನಿನವನ ಹತ್ರ ಕಾಲಿಡಲ್ಲ" ಅಂದರು. ಸ್ಟೇಷನ್ನಿನ ಕ್ಷೌರಿಕನ ಅಂಗಡಿಯ ಮುಂದೆ ಮೆರವಣಿಗೆ ಸ್ವಲ್ಪ ಹೊತ್ತು ನಿಂತಿತು. ಅಲ್ಲಿಂದಾಚೆಗೆ ಹೌಕ್ ಇಳಿಸಿ ಅನ್ನಲಿಲ್ಲ.

ಆದರೆ ಮನೆಗೆ ಬಂದು, ಬಾಗಿಲು ಹಾಕಿ, ಕೆಸರು ಮೆತ್ತಿದ ಟೋಪಿಯನ್ನು ಮೇಜಿನ ಮೇಲಿಟ್ಟುಕೊಂಡು ಕೂತಾಗ ಮುಖ ಮತ್ತೆ ಬಿಗಿಯಿತು. ಎದುರಿಗೆ ಆಂಬ್ರೋಸ್, ಒಲೆಯ ಹತ್ತಿರ ವಾಲ್ಬುರ್ಗಾ.

"ಮಂಗಳವಾರದ ಮಾತು ಮರೆತುಬಿಡು. ಕಳ್ಳನಿಗೆ ಮಗಳನ್ನ ಕೊಡಲ್ಲ."

"ಅಪ್ಪಾ, ಅದನ್ನ ತಗೊಂಡಿದ್ದು" ಎಂದು ವಾಲ್ಬುರ್ಗಾ ಶುರು ಮಾಡಿದಳು.

"ನಾನೇ" ಅಂದ ಆಂಬ್ರೋಸ್. ಅದು ಅವನ ಬದುಕಿನ ಮೊದಲ ಸುಳ್ಳು, ಕಿವಿಯ ತುದಿ ಕೆಂಪಾಯಿತು. ಆಮೇಲೆ ಬಹಳ ಹೊತ್ತು ಮೇಜಿನ ಮೇಲಿನ ಕೂದಲನ್ನು ನೋಡಿದ. "ಕೂದಲು ನಿಮ್ದಾದ್ರೆ ನಾನು ಕಳ್ಳ. ಹೌದಾ ಮಾವ?"

"ಹೌದು."

"ನಂದೇ ಆಗಿದ್ರೆ?"

"ನಿಂದೇ ಆಗಿದ್ರೆ ತಕರಾರೇನಿದೆ. ಆದ್ರೆ ನಿಂದಲ್ಲ."

ಆಂಬ್ರೋಸ್ ಎದ್ದು ಕೋಟು ಹಾಕಿಕೊಂಡ.

"ಎಲ್ಲಿಗೆ ಹೊರಟೆ?"

"ಸ್ಟೇಷನ್ನಿಗೆ. ಆ ಡಾಕ್ಟ್ರು ಇನ್ನೂ ಇರ್ತಾರೆ. ಕೂದಲು ನಂದೇ, ಮಾವ ಹೇಳಿದ್ದು ತಪ್ಪು ಅಂತ ಹೇಳಿ ಬರ್ತೀನಿ. ಗೆಲುವು ವಾಪಸ್ ಕೊಟ್ರಾಯ್ತು. ನನಗೆ ವಾಲ್ಬುರ್ಗಾ ಸಾಕು."

ಬೀದಿಯಲ್ಲಿ ಕುಣಿಯುತ್ತಿದ್ದವರ ಗದ್ದಲ ತಟ್ಟನೆ ನಿಂತಿತು. ಕಿಟಕಿಯಲ್ಲಿ ರುಂಪೆಲನ ಮುಖ ಮೂಡಿತು. "ಹೌಕ್, ಏನೋ ವಾಪಸ್ ಕೊಡೋ ಮಾತು ಕೇಳಿಸ್ತು."

"ಏನಿಲ್ಲ. ಹುಡುಗ ಹಸಿದಿದ್ದಾನೆ, ಏನೇನೋ ಆಡ್ತಾನೆ" ಎಂದು ಹೌಕ್ ಕಿಟಕಿಯ ಬಾಗಿಲು ಎಳೆದ. "ಮೆಲ್ಲಗೆ ಮಾತಾಡೋ ಪುಣ್ಯಾತ್ಮ."

"ಮೆಲ್ಲಗೇ ಮಾತಾಡ್ತಿದೀನಿ ಮಾವ."

ವಾಲ್ಬುರ್ಗಾ ಅವನ ಕೊರಳಿಗೆ ಮಫ್ಲರ್ ಸುತ್ತಿದಳು. "ಹೋಗ್ಬಾ. ರೈಲಿಗೆ ಇನ್ನೂ ಹೊತ್ತಿದೆ. ಬೇಗ ನಡೆದ್ರೆ ಸಿಕ್ತಾರೆ."

ಹೌಕ್ ಮಗಳ ಮುಖ ನೋಡಿದ. ಆ ಮುಖ ತೀರಿಹೋದ ಅವನ ಹೆಂಡತಿಯದು, ಅದರೆದುರು ಅವನು ಯಾವತ್ತೂ ಗೆದ್ದವನಲ್ಲ. ಎದ್ದು ಹೋಗಿ ಬಾಗಿಲಿಗೆ ಬೆನ್ನು ಕೊಟ್ಟು ನಿಂತ. ಆಂಬ್ರೋಸ್ ಮನಸ್ಸು ಮಾಡಿದ್ದರೆ ಮಾವನನ್ನೂ ಬಾಗಿಲನ್ನೂ ಒಟ್ಟಿಗೆ ಎತ್ತಿಕೊಂಡು ಹೋಗಬಹುದಿತ್ತು. ಅವನಿಗೆ ಅದು ಹೊಳೆಯಲಿಲ್ಲ.

"ಕೂತ್ಕೊ. ಆಟ ಆಡಿ ಬಂದವನು ಬರಿ ಹೊಟ್ಟೇಲಿ ಹೋಗಬಾರದು. ಲೇ, ತಟ್ಟೆ ಹಾಕೇ."

ಆಲೂಗಡ್ಡೆಯ ಕಡುಬು ಬಂತು, ಹುಳಿ ಎಲೆಕೋಸು ಬಂತು, ಹಂದಿಯ ಸಾಸೇಜು ಬಂತು. ಆಂಬ್ರೋಸ್ ಒಂದೊಂದು ತಟ್ಟೆ ಮುಗಿದಾಗಲೂ ಏಳುತ್ತಿದ್ದ. "ರೈಲಿನ ಹೊತ್ತಾಯ್ತಾ?" "ಇಲ್ಲ, ತಿನ್ನು" ಅನ್ನುತ್ತಿದ್ದ ಹೌಕ್, ನಾಳೆಯ ಊಟವನ್ನೂ ಪಾತ್ರೆಯಿಂದ ಬಳಿದು ಹಾಕುತ್ತ. ಕೊನೆಗೆ ಸ್ಟೇಷನ್ನಿನ ಕಡೆಯಿಂದ ಸಿಳ್ಳೆ ಕೂಗಿತು, ಗೋಡೆಯ ಕನ್ನಡಿಗಳು ನಡುಗಿದವು, ರೈಲು ಊರು ದಾಟಿತು. ಅಪ್ಪ ಮಗಳು ಒಬ್ಬರನ್ನೊಬ್ಬರು ನೋಡಿಕೊಂಡರು. ಸಿಳ್ಳೆ ಕೇಳಿಸದ ಆಂಬ್ರೋಸ್ ಬಾಯಿ ಒರೆಸಿಕೊಂಡ.

"ಇನ್ನು ನಾನು ಹೊರಡ್ಬೇಕು ಮಾವ. ಡಾಕ್ಟ್ರು ಹೊರಟುಬಿಟ್ಟಾರು."

"ರೈಲು ಹೋಯ್ತು ಕಣೋ" ಅಂದಳು ವಾಲ್ಬುರ್ಗಾ.

ಅವನ ಮುಖ ಬಿಳಿಚಿತು. "ಹಾಗಾದ್ರೆ ಕೂದಲು?"

"ಕೂದಲು ನಂದು" ಅಂದ ಹೌಕ್. "ಮಗಳು ನಿಂದು. ಇನ್ನೊಂದು ಕಡುಬು ಹಾಕಿಸ್ಕೊ."

ಆಂಬ್ರೋಸ್ ತುಟಿ ಅಲ್ಲಾಡಿಸುತ್ತ ಆ ಮಾತನ್ನು ಎರಡೂ ಕಡೆಯಿಂದ ತೂಗಿ ನೋಡಿದ. ಎಲ್ಲೂ ಮೋಸ ಕಾಣಲಿಲ್ಲ. ತಟ್ಟೆ ಮುಂದಕ್ಕೆ ಸರಿಸಿದ.